ದೀಪದ ಹೊತ್ತಿನ ಧಾರಣಿ

"ಮನ್ಯಾಗ ಕುಂತು ಬಟನ್ ಒತ್ತೀರಿ ಮೇಡಂ, ಸುಮ್ಮನ ಒಪ್ಕೊಂಡುಬಿಡ್ರಿ" ಅಂತ ನಮ್ಮ ಸೂಪರ್‌ವೈಸರ್ ಫೋನಿನ್ಯಾಗ ಅಂದಾಗ ನಾನು ರೊಟ್ಟಿ ಬಡಿಯಾಕತ್ತಿದ್ದೆ. ಹಂಚಿನ ಮ್ಯಾಲಿನ ರೊಟ್ಟಿ ಅಲ್ಲೇ ಕರ್ರಗಾತು. ನನ್ನ ಸಿಟ್ಟು ಮೂಗಿನ ತುದಿ ಮ್ಯಾಲ ಇರತೈತಿ ಅಂತ ನಮ್ಮ ಮಂದಿಗೆಲ್ಲ ಗೊತ್ತು. ಆದ್ರ ಆ ಹೊತ್ತಿನ್ಯಾಗ ಅದನ್ನ ನುಂಗಿಕೊಂಡೆ. ಗ್ಯಾಸ್ ಬಂದ್ ಮಾಡಿ, ಕೈಯಾಗಿನ ಹಿಟ್ಟು ಸೆರಗಿಗೆ ಒರಸಿಕೊಂಡು, "ಆಫೀಸಿಗೆ ಬರ್ತೀನ್ರಿ" ಅಂದೆ ಅಷ್ಟ.

ನನ್ನ ಕೆಲಸ ಏನು ಅಂತ ಮೊದಲ ಹೇಳತೀನಿ, ಇಲ್ಲಂದ್ರ ಈ ಸಿಟ್ಟು ತಿಳಿಯಂಗಿಲ್ಲ. ನಾನು ಮನಿ ಮನಿಗೆ ಹೋಗಿ ಪ್ರಶ್ನೆ ಕೇಳೂ ಹೆಂಗಸು. ಕಳಿಸೂದು ಬೇಗಂಪೇಟೆಯ ಒಂದು ಸರ್ವೇ ಕಂಪನಿ, ಕೇಳಸೂದು ದೇಶದ ಕೇಂದ್ರ ಬ್ಯಾಂಕು. ನೋಟು ಹೊರಡಿಸೂದು, ಉಳಿದ ಬ್ಯಾಂಕುಗಳ ಮ್ಯಾಲ ಕಣ್ಣಿಡೂದು, ಬಡ್ಡಿ ಏರಸೂದು ಇಳಸೂದು, ಎಲ್ಲಾ ಅದರ ಕೈಯಾಗ. ನಾವು ಸರ್ವೇ ಹೆಣ್ಮಕ್ಕಳು ಅದಕ ದೊಡ್ಡ ಬ್ಯಾಂಕು ಅಂತಿದ್ವಿ. ಟ್ಯಾಬ್ ಹಿಡ್ಕೊಂಡು ಹೋಗೂದು, ಗೇಟಿನ ಚಿಲಕ ಬಡಿಯೂದು, ನಾಯಿ ಐತೇನ್ರಿ ಅಂತ ಕೇಳೂದು, ಒಳಗ ಹೋಗಿ ಕುಂತು ಮನಿ ನಡಸೂರನ್ನ ಕೇಳೂದು: ಮೂರು ತಿಂಗಳಿಗೆ ಧಾರಣಿ ಏನಾಗಬಹುದು? ಒಂದು ವರ್ಷಕ್ಕ ಏನಾಗಬಹುದು? ಈಗಿನಕಿಂತ ಜೋರು ಏರತೈತೋ, ಹಿಂಗ ಏರತೈತೋ, ಇದ್ದಂಗ ಇರತೈತೋ, ಇಳೀತೈತೋ? ಅವರು ಹೇಳಿದ್ದನ್ನ ಒತ್ತಬೇಕು. ನಮ್ಮ ಮಾತು ಒಂದಕ್ಷರ ಸೇರಿಸಂಗಿಲ್ಲ.

ತರಬೇತಿಯೊಳಗ ದೊಡ್ಡ ಬ್ಯಾಂಕಿನಿಂದ ಒಬ್ಬ ಸಣ್ಣ ವಯಸ್ಸಿನ ಅಧಿಕಾರಿ ಬಾಯಿ ಬಂದು ಇದೆಲ್ಲಾ ಯಾಕ ಅಂತ ತಿಳಿಸಿ ಹೇಳಿದ್ದಳು. ಬೇಗಂಪೇಟೆ ಸ್ಟೇಷನ್ ಹಿಂದಿನ ಆಫೀಸು, ಎ.ಸಿ. ಜೋರು, ನಾವೆಲ್ಲಾ ಸೆರಗು ಹೊದ್ಕೊಂಡು ಕುಂತಿದ್ವಿ. ಆಕಿ ಅಂದಳು: ಬ್ಯಾಂಕು ಟೊಮೆಟೊ ಬೆಳೆಯಂಗಿಲ್ಲ, ಮಳಿ ತರಸಂಗಿಲ್ಲ. ಅದರ ಕೈಯಾಗ ಇರೂದು ಬಡ್ಡಿ ಒಂದ. ಉಳಿದದ್ದೆಲ್ಲಾ ಜನರ ನಂಬಿಕಿ. ಮುಂದ ಏರತೈತಿ ಅಂತ ಎಲ್ಲಾರೂ ನಂಬಿದರ, ಹೆಂಗಸರು ಈಗ ಕೊಂಡು ಡಬ್ಬಿ ತುಂಬತಾರ, ಅಂಗಡಿಯವ ಈಗ ಏರಸತಾನ, ಕೂಲಿಯವ ಈಗ ಹೆಚ್ಚಿಗಿ ಕೇಳತಾನ. ಹಂಗಾಗಿ ಅದು ಖರೇನ ಏರತೈತಿ. ಅದಕ ಬಡ್ಡಿ ಮುಟ್ಟೂಕಿಂತ ಮೊದಲ ಬ್ಯಾಂಕಿಗೆ ಜನರ ಮನಸ್ಸು ತಿಳಿಬೇಕು. ಆ ಮನಸ್ಸು ತಂದುಕೊಡೂರು ನೀವು.

ನನಗ ಆ ಮಾತು ಭಾಳ ಹಿಡಿಸಿತು. ಅಲ್ಲೀತನಕ ನಾನು ಬ್ಯಾರೆ ಸರ್ವೇ ಭಾಳ ಮಾಡಿದ್ದೆ. ಸಾಬೂನು ಯಾವದು ಬಳಸತೀರಿ, ಟಿ.ವಿ. ಎಷ್ಟು ತಾಸು ನೋಡತೀರಿ ಅಂತ ಕೇಳಿ ಕೇಳಿ ಬ್ಯಾಸರಾಗಿತ್ತು. ಇದು ಹಂಗಲ್ಲ. ಕುಷಾಯಿಗೂಡದ ಒಬ್ಬ ಹೆಂಗಸು ಬ್ಯಾಳಿ ತುಟ್ಟಿ ಆತು ಅಂದ್ರ ಅದು ಮುಂಬೈಗೆ ಹೋಗಿ ದೊಡ್ಡ ಬ್ಯಾಂಕಿನ ಮೇಜಿನ ಮ್ಯಾಲ ಕುಂದರತೈತಿ ಅಂದ್ರ ಸಣ್ಣ ಮಾತಲ್ಲ. ನಮ್ಮ ಬಾಜೂ ಮನಿಯವರ ಮನಿ ಸಾಲದ ಕಂತು ದೊಡ್ಡ ಬ್ಯಾಂಕು ಬಡ್ಡಿ ಏರಿಸಿದಾಗೆಲ್ಲಾ ಉದ್ದ ಆಗಾಕತ್ತಿತ್ತು. ಆ ಮನಿಯವರು ನನ್ನ ಕಂಡಾಗೊಮ್ಮೆ "ನಿಮ್ಮ ಬ್ಯಾಂಕಿಗೆ ಸ್ವಲ್ಪ ಹೇಳ್ರಿ" ಅನ್ನವರು. ನನ್ನ ಬ್ಯಾಂಕು ಅಲ್ಲ ಅದು, ನಾನು ಹೊರಗುತ್ತಿಗಿಯಾಕಿ. ಆದ್ರೂ ಆ ಮಾತು ಕೇಳಾಕ ನನಗ ಒಳಗ ಹಿತಾ ಆಗತಿತ್ತು.

ಮನ್ಯಾಗ ದುಡಿಯಾಕಿ ನಾನೊಬ್ಬಾಕಿ. ನಮ್ಮ ಮಾವನವರು ಕಲಬುರ್ಗಿ ಕಡೆಯಿಂದ ಬಂದು ಇಲ್ಲಿಯ ಎಲೆಕ್ಟ್ರಾನಿಕ್ಸ್ ಕಾರ್ಖಾನ್ಯಾಗ ಕೆಲಸಕ್ಕ ಸೇರಿದವರು. ಅವರೂ ಹೋದರು, ನಮ್ಮ ಮನಿಯವರೂ ಹೋದರು. ಉಳಿದವರು ನಾನು ಮತ್ತ ನಮ್ಮ ಅತ್ತಿ, ಎರಡು ಖೋಲಿ ಬಾಡಿಗಿ ಮನ್ಯಾಗ. ಈ ಸರ್ವೇ ವರ್ಷದಾಗ ಮತ್ತ ಮತ್ತ ಬರತಿತ್ತು, ರೊಕ್ಕ ಹೊತ್ತಿಗೆ ಸರಿಯಾಗಿ ಬರತಿತ್ತು. ಅದರ ಮ್ಯಾಲ ಬಾಡಿಗಿ ನಡೀತಿತ್ತು, ಅತ್ತಿಯ ಬಿ.ಪಿ. ಗುಳಗಿ ಕೋಠಿಯ ಔಷಧಿ ಅಂಗಡಿಯಿಂದ ಬರತಿತ್ತು. ಸುಳ್ಳು ತುಂಬಿದಾಕಿ ಅಂತ ಒಂದ ಸಲ ಕಂಪನಿಯವರು ಹೆಸರು ಕೆಂಪು ಮಾಡಿದರ ಊರಾಗಿನ ಯಾವ ಸರ್ವೇ ಕಂಪನಿಯೂ ನಮ್ಮನ್ನ ಒಳಗ ಕರಿಯಂಗಿಲ್ಲ. ಅವರವರ ಒಳಗ ಮಾತು ಹರಿದಾಡತೈತಿ.

ಆ ಫೋನು ಬಂದ ದಿನ ಬೇಗಂಪೇಟೆಗೆ ಹೋದೆ. ಸೂಪರ್‌ವೈಸರ್ ನನ್ನಕಿಂತ ಸಣ್ಣಾಂವ, ನಲ್ಗೊಂಡ ಕಡೆಯಾಂವ, ಮಾತು ತೆಲುಗಿನ್ಯಾಗ. ಕೆಟ್ಟಾಂವ ಅಂತ ಹೇಳಂಗಿಲ್ಲ, ಆದ್ರ ಕಂಪ್ಯೂಟರ್ ಹೇಳಿದ್ದನ್ನ ದೇವರ ಮಾತು ಅಂತ ತಿಳಿದಾಂವ. ಸ್ಕ್ರೀನು ನನ್ನ ಕಡೆ ತಿರುವಿದ. ಇಡೀ ಊರಾಗ ಎಲ್ಲಾರೂ ಏರತೈತಿ ಏರತೈತಿ ಅಂದಾರ. ಮೆಹದಿಪಟ್ಟಣದಾಗ ಏರತೈತಿ, ಉಪ್ಪಲದಾಗ ಏರತೈತಿ. ನನ್ನ ಹೆಸರಿನ ಮುಂದ ಮಾತ್ರ ಒಂದು ಓಣಿ ತುಂಬ ಇದ್ದಂಗ ಇರತೈತಿ, ಇಳೀತೈತಿ, ಇದ್ದಂಗ ಇರತೈತಿ. ಅಷ್ಟೂ ಸಾಲು ಕೆಂಪಗ.

"ಯಾವ ಊರಾಗ ಧಾರಣಿ ಇಳೀತಾವ ಮೇಡಂ? ನಿಮ್ಮ ಓಣ್ಯಾಗ ಏನು ಬ್ಯಾರೆ ಸರ್ಕಾರ ಐತೇನು?"

"ಅವರು ಹೇಳಿದ್ದು ಒತ್ತೀನಿ" ಅಂದೆ.

"ಎಲ್ಲಾರೂ ಒಂದ ನಮೂನಿ ಹೇಳಿದರಾ?"

"ಎಲ್ಲಾರೂ ಒಂದ ನಮೂನಿ ಹೇಳಿದರು."

ಅಂವ ನಕ್ಕ. ಆ ನಗಿ ನೋಡಿ ನನ್ನ ಮೈಯೆಲ್ಲಾ ಉರೀತು. "ನಡೀರಿ, ಬಂದು ಕೇಳ್ರಿ" ಅಂದೆ, ದನಿ ಏರಿಸಿಯೇ ಅಂದೆ. ಬಾಜೂ ಟೇಬಲ್ಲಿನ ಹುಡಿಗ್ಯಾರು ತಲಿ ಎತ್ತಿ ನೋಡಿದರು. ಅಂವ ನಗೂದು ನಿಲ್ಲಿಸಿ, ನಾಳೆ ಮುಂಜಾನಿ ನಾನ ಬರತೀನಿ, ನೀವು ಗೇಟಿನ ಹೊರಗ ನಿಲ್ಲಬೇಕು, ಬಾಯಿ ಬಿಚ್ಚಂಗಿಲ್ಲ, ನೀವು ಮೊದಲ ಏನು ಬರಕೊಂಡೀರಿ ಅಂತ ಅವರಿಗೆ ನಾನೂ ಹೇಳಂಗಿಲ್ಲ, ನಿಯಮ ಹಂಗೈತಿ ಅಂದ. ಉತ್ತರ ಕೂಡಿದರ ಸರಿ. ಕೂಡಲಿಲ್ಲಂದ್ರ ನಾಳೆ ರಾತ್ರಿ ಫೈಲು ಮ್ಯಾಲ ಹೋಗೂಕಿಂತ ಮೊದಲ ನಿಮ್ಮ ಕೆಲಸ ತಗದು ಹಾಕತೀನಿ, ಹೆಸರೂ ಬರೀತೀನಿ.

ಆ ಓಣಿ ನನಗ ಪರಕೀದಲ್ಲ. ಕಾರ್ಖಾನಿ ಶುರು ಆದ ಕಾಲಕ್ಕ ನಮ್ಮ ಕಡೆಯವರು ಕೂಡಿ ಪ್ಲಾಟ್ ತಗೊಂಡು ಮನಿ ಕಟ್ಟಿಸಿದ್ದು. ಹೊರಗ ತೆಲುಗು, ಬಸ್ಸಿನ್ಯಾಗ ಹಿಂದಿ, ಒಳಗ ಚಪ್ಪಲಿ ಬಿಟ್ಟ ಕೂಡಲೇ ಕನ್ನಡ. ನನಗ ಕನ್ನಡ ಬರತೈತಿ ಅಂತಲೇ ಆ ಓಣಿ ಹಾಕಿದ್ದರು. ಬ್ಯಾಸಗಿ ದಿನ, ಮಧ್ಯಾಹ್ನ ಯಾರೂ ಗೇಟು ತಗ್ಯಂಗಿಲ್ಲ, ಮುಂಜಾನಿ ನನಗ ಬ್ಯಾರೆ ಕಾಲನಿ ಇತ್ತು. ಹಂಗಾಗಿ ಆ ಓಣಿಗೆ ನಾನು ಹೋದದ್ದೆಲ್ಲಾ ಬಿಸಲು ಇಳಿದ ಮ್ಯಾಲ. ಇದನ್ನ ನೆನಪಿಟ್ಟುಕೋರಿ. ನಾನು ಮಾತ್ರ ಅವಾಗ ನೆನಪು ಮಾಡಿಕೊಳ್ಳಲಿಲ್ಲ.

ಮನಿಗೆ ಬರೂದ್ರಾಗ ಹೊತ್ತು ಮುಳಗಿತ್ತು. ಅತ್ತಿ ದೇವರ ಮುಂದ ದೀಪ ಹಚ್ಚಿ ಬತ್ತಿ ಸರಿ ಮಾಡಾಕತ್ತಿದ್ದರು. ನಾನು ಚಪ್ಪಲಿ ಬಿಡಕೊಂತ, "ಅತ್ತಿ, ನನ್ನ ಕೆಲಸ ಇನ್ನ" ಅಂತ ಶುರು ಮಾಡಿದೆ. ಅತ್ತಿ ಎದ್ದು ಬಂದು ನನ್ನ ಬಾಯಿ ಮುಚ್ಚಿದರು. ಎಣ್ಣಿ ಕೈ.

"ದೀಪ ಹಚ್ಚೂ ಹೊತ್ತಿನ್ಯಾಗ ಕೆಟ್ಟದ್ದು ಆಡಬ್ಯಾಡ ನನ್ನವ್ವಾ. ಮ್ಯಾಲ ದೇವತೆಗಳು ಹಾಯತಿರತಾರ. ಏನು ಆಡಿದರೂ ಅಸ್ತು ಅಂದುಬಿಡತಾರ."

"ಆಡಲಿ ಬಿಡಲಿ, ಆಗೂದು ಆಗಾಕತ್ತೈತಿ."

"ನಾಳೆ ಮುಂಜಾನಿ ಹೇಳು. ಈಗ ಚಹಾ ಕುಡಿ."

ಸಿಟ್ಟಿಗೆ ಚಹಾನೂ ಕುಡೀಲಿಲ್ಲ. ದೇವತೆಗಳಿಗೆ ಬ್ಯಾರೆ ಕೆಲಸ ಇಲ್ಲೇನು, ಕುಷಾಯಿಗೂಡದ ಬಾಡಿಗಿ ಮನಿ ಮ್ಯಾಲ ಕಿವಿ ಕೊಟ್ಟುಕೊಂಡು ಹಾಯಾಕ ಅಂತ ಮನಸ್ಸಿನ್ಯಾಗ ಬೈಕೊಂಡೆ. ಬಾಯಿ ಬಿಟ್ಟು ಮಾತ್ರ ಆಡಲಿಲ್ಲ. ಸಣ್ಣಾಕಿ ಇದ್ದಾಗಿಂದ ನಮ್ಮವ್ವನ ಕೈಯಾಗೂ ಇದಕ್ಕ ಏಟು ತಿಂದಾಕಿ ನಾನು.

ಮರುದಿವಸ ಮುಂಜಾನಿ ಅತ್ತಿಗೆ ಎಲ್ಲಾ ಹೇಳಿ ಓಣಿಗೆ ಹೋದೆ, ಅಂವ ಹತ್ತಕ್ಕ ಬೈಕ್ ಮ್ಯಾಲ ಬಂದ. ಮೊದಲನೇದು ತುಳಸಿಕಟ್ಟಿ ಮನಿ. ಅಲ್ಲಿ ಇರೂರು ನಾನು ವೈನಿ ಅನ್ನೂ ಆ ಮನಿ ಸೊಸಿ, ಮತ್ತ ಅವರ ಅತ್ತಿ, ನಾವು ಅಜ್ಜಿ ಅಂತ ಕರಿಯೂರು. ನಾನು ಗೇಟಿನ ಹೊರಗ ಬೇವಿನ ಗಿಡದ ನೆರಳಿಗೆ ನಿಂತೆ. ಕಿಟಕಿ ತಗದಿತ್ತು, ಮಾತು ಚಲೋ ಕೇಳತಿತ್ತು. ಅಂವ ತೆಲುಗಿನ್ಯಾಗ ಕೇಳಿದ, ವೈನಿ ತೆಲುಗಿನ್ಯಾಗ ಹೇಳಿದರು.

"ಏರದ ಏನು ಮಾಡತಾವ? ಎಣ್ಣಿ ನೋಡ್ರಿ, ಬ್ಯಾಳಿ ನೋಡ್ರಿ. ಮುಂದಿನ ವರ್ಷ ಇನ್ನೂ ಜೋರು. ಬರಕೋರಿ, ಎಲ್ಲಾದಕೂ ಜೋರು ಅಂತ ಬರಕೋರಿ."

 ಇದ ವೈನಿ, ಇದ ಬಾಯಲೇ, ನನ್ನ ಮುಂದ ಇದ್ದಂಗ ಇರತೈತಿ ಬಿಡ್ರಿ ಅಂದಿದ್ದರು. ಗೇಟಿನ ಸರಳು ಹಿಡಕೊಂಡು, "ವೈನಿ, ನನಗ ಏನು ಹೇಳಿದ್ರಿ?" ಅಂತ ಒದರಬೇಕು ಅನಿಸಿತು. ಒದರಿದ್ದರ ಅಲ್ಲಿಗೇ ಮುಗೀತು, ಸಾಕ್ಷಿಗೆ ಹೇಳಿಕೊಟ್ಟಾಳ ಅಂತಿದ್ದ. ಹಲ್ಲು ಕಚ್ಚಿ ನಿಂತೆ. ಅಂವ ಹೊರಗ ಬಂದು ಟ್ಯಾಬಿನ್ಯಾಗ ಏನೋ ಒತ್ತಿದ. ನನ್ನ ಮಾರಿ ನೋಡಲಿಲ್ಲ.

ಎರಡನೇ ಮನ್ಯಾಗ ನಿವೃತ್ತ ಮಾಸ್ತರರ ಹೆಂಡತಿ. ಅವರಂತೂ ಗ್ಯಾಸಿನಿಂದ ಹಿಡಿದು ಡಾಕ್ಟರ ಫೀಸಿನ ತನಕ ಏರಿಸಿಕೊಂತ ಹೋದರು. ಅದರ ಮುಂದಿನ ಮನ್ಯಾಗೂ ಅದ. ಒಬ್ಬೊಬ್ಬರು ಏರತೈತಿ ಅಂದಾಗೊಮ್ಮೆ ನನ್ನ ಬಾಡಿಗಿ ಮನಿ ನನ್ನ ಕೈಬಿಟ್ಟು ಒಂದೊಂದು ಹೆಜ್ಜಿ ದೂರ ಸರದಂಗ ಆಗತಿತ್ತು. ಈ ಹೆಂಗಸರಿಗೆ ಏನಾಗೇತಿ, ನನ್ನ ಮ್ಯಾಲ ಏನು ಹಗೆ ಐತಿ ಅಂತ ತಲಿ ಕೆಟ್ಟು ಹೋತು. ಹೇಳಬೇಕಂದ್ರ, ಒಂದು ಗಳಿಗಿ ನನ್ನ ಮ್ಯಾಲ ನನಗ ಸಂಶಯ ಬಂತು. ಖರೇನ ಕೇಳಿದ್ದೆನೋ, ಇಲ್ಲೋ?

ಓಣಿಯ ಕಡೀಕ ಒಂದು ಅಪಾರ್ಟ್‌ಮೆಂಟ್ ಏಳಾಕತ್ತಿತ್ತು. ಅದರ ಕಾವಲುಗಾರನ ಹೆಂಡತಿ ಯಾದಗಿರಿ ಕಡೆಯಾಕಿ, ಹಗಲೆಲ್ಲಾ ಅಲ್ಲೇ ಇಟ್ಟಂಗಿ ಹೊರತಿದ್ದಳು. ತಗಡಿನ ಶೆಡ್ಡಿನ್ಯಾಗ ಸಂಸಾರ. ಬಾಗಿಲ ಇಲ್ಲ, ಒಂದು ಗೋಣಿತಟ್ಟು. ಹಂಗಾಗಿ ನಾನು ಹೊರಗ ನಿಂತರೂ ಒಳಗಿಂದೆಲ್ಲಾ ಕಾಣತಿತ್ತು. ಆಕಿ ಅಂವಗ ಅರ್ಧ ಹಿಂದಿ ಅರ್ಧ ತೆಲುಗಿನ್ಯಾಗ, "ಎಲ್ಲಾ ತುಟ್ಟಿ ಆಗತೈತಿ ಸಾಹೇಬ್ರ, ಕುಡಿಯೂ ನೀರೂ ತುಟ್ಟಿ ಆಗತೈತಿ" ಅಂತ ಹೇಳಾಕತ್ತಿದ್ದಳು. ನನ್ನ ಕಣ್ಣು ಆಕಿ ಹಿಂದ ತಗಡಿಗೆ ಹತ್ತಿಸಿದ ಸಣ್ಣ ಹಲಗಿ ಮ್ಯಾಲ ಬಿತ್ತು. ಅಲ್ಲಿ ಯಲ್ಲಮ್ಮನ ಒಂದು ಫೋಟೋ, ಮುಂದ ಒಂದು ಹಣತಿ. ಹಣತಿ ಆರಿತ್ತು, ಬತ್ತಿ ಕರ್ರಗಾಗಿ ಒಣಗಿತ್ತು.

ನಾನು ಮೊದಲ ಪ್ರಶ್ನೆ ಕೇಳಾಕ ಬಂದಾಗ ಅದು ಉರೀತಿತ್ತು. ಆಕಿ ಆಗ ತಾನ ಹಚ್ಚಿ, ಎರಡೂ ಕೈ ಮುಗದು ನಿಂತಿದ್ದಳು. ನಾನು ಪ್ರಶ್ನೆ ಕೇಳಿದಾಗ ಹಣತಿ ಕಡೆ ನೋಡಿಕೊಂತ, "ಇಳೀತೈತ್ರಿ ಅಕ್ಕಾರ, ಎಲ್ಲಾ ಇಳೀತೈತಿ" ಅಂದಿದ್ದಳು. ವೈನಿ ಮನ್ಯಾಗೂ ತುಳಸಿ ಮುಂದ ದೀಪ ಇತ್ತು. ಮಾಸ್ತರರ ಮನ್ಯಾಗ ಊದಿನಕಡ್ಡಿ ವಾಸನಿ ಇತ್ತು. ನಿನ್ನೆ ನನ್ನ ಬಾಯಿ ಮ್ಯಾಲ ಬಿದ್ದ ಅತ್ತಿಯ ಎಣ್ಣಿ ಕೈ ನೆನಪಾತು. ನಾನು ಎಂಥಾ ದಡ್ಡಿ ಅಂದ್ರ, ಅಂಥಾದ ಮನ್ಯಾಗ ಬೆಳೆದು, ಅದ ಮಾತಿಗೆ ಏಟು ತಿಂದು, ದೀಪ ಹಚ್ಚೂ ಹೊತ್ತಿಗೆ ಮನಿ ಮನಿ ಹೊಕ್ಕು ಮುಂದಿನ ವರ್ಷ ಕೆಟ್ಟದಾಗತೈತೇನ್ರಿ ಅಂತ ಕೇಳಿಕೊಂತ ಹೋಗಿದ್ದೆ. ಯಾರು ಹೂಂ ಅಂತಾರ?

ಅಂವ ಹೊರಗ ಬಂದ ಕೂಡಲೇ ಹೇಳಿದೆ. ಪೂರಾ ಕೇಳಿಸಿಕೊಂಡ. ಆಮ್ಯಾಲ ಬೈಕಿನ ಚಾವಿ ತಿರುವಿಕೊಂತ, "ಮೂಢನಂಬಿಕಿ ಫೈಲಿನ್ಯಾಗ ಬರಿಯಾಕ ಬರಂಗಿಲ್ಲ ಮೇಡಂ" ಅಂದ.

"ಯಾವದು ಮೂಢನಂಬಿಕಿ? ಎಲ್ಲಾರೂ ಏರತೈತಿ ಅಂದ್ರ ಖರೇನ ಏರತೈತಿ ಅಂತ ನಿಮ್ಮ ಬ್ಯಾಂಕಿನ ಅಧಿಕಾರಿ ಬಾಯಿ ಎ.ಸಿ. ರೂಮಿನ್ಯಾಗ ಹೇಳಿದರ ಅದು ಶಾಸ್ತ್ರ. ಅದನ್ನ ನಮ್ಮತ್ತಿ ದೀಪದ ಮುಂದ ಹೇಳಿದರ ಮೂಢನಂಬಿಕಿ. ಆಡಿದ್ದು ಆಗತೈತಿ ಅಂತ ಇಬ್ಬರೂ ಅಂಜತಾರ. ಎಲ್ಲೈತ್ರಿ ಫರಕು?"

ಬಿಸಲಾಗ ನಿಂತು ಇಷ್ಟು ದೊಡ್ಡ ದನಿಲೇ ಅಂದಿದ್ದಕ್ಕ ಇಟ್ಟಂಗಿ ಹೊರೂರು ನಿಂತು ನೋಡಿದರು. ಅಂವ ಸಿಟ್ಟಿಗೇಳತಾನ ಅಂತ ತಿಳಿದಿದ್ದೆ. ಏಳಲಿಲ್ಲ. ಹಣಿ ಬೆವರು ಒರಸಿಕೊಂಡು, "ನನಗ ಏನು ಮಾಡು ಅಂತೀರಿ?" ಅಂದ.

"ಸಂಜಿತನಕ ನಿಲ್ರಿ. ಮುಂಜಾನಿ ಜೋರು ಅಂತ ಬರಕೋರಿ ಅಂದ ವೈನಿಗೇ ದೀಪ ಹಚ್ಚಿದ ಮ್ಯಾಲ ಮತ್ತೊಮ್ಮೆ ಕೇಳ್ರಿ. ನಾ ಗೇಟಿನ ಹೊರಗ ನಿಲ್ಲತೀನಿ."

"ಅವಾಗೂ ಜೋರು ಅಂದ್ರ?"

"ನನ್ನ ಹೆಸರು ನಾನ ಕೆಂಪು ಮಾಡತೀನಿ."

ಮಾತು ಬಾಯಿಂದ ಹೊರಗ ಬಿತ್ತು, ಇನ್ನ ತಿರುಗಿ ಒಳಗ ಹೋಗಂಗಿಲ್ಲ. ಅಂವ ಬ್ಯಾರೆ ಓಣಿ ಕೆಲಸ ಮುಗಿಸಿ ಸಂಜಿ ಮುಂದ ಬಂದ. ಕೋಠಿ ಬಸ್ಸು ನಿಲ್ಲೂ ಸ್ಟಾಪಿನ ಬಾಜೂ ಇರಾನಿ ಚಹಾದ ಅಂಗಡ್ಯಾಗ ಕುಂತ್ವಿ. ಬಿಸಲು ಇನ್ನೂ ಇತ್ತು. ನಾನು ಮೋಡ ಬರಲಿ, ಲಗೂ ಕತ್ತಲಾಗಲಿ ಅಂತ ಮುಗಲು ನೋಡತಿದ್ದೆ. ಅಂವ ಗಡಿಯಾರ ನೋಡತಿದ್ದ. ಒಂದು ಬಿಸ್ಕೀಟು ಚಹಾದಾಗ ಅದ್ದಿ, ಅದು ಮುರದು ಒಳಗ ಬಿದ್ದದ್ದೂ ಗೊತ್ತಾಗದಂಗ ಕುಂತಿದ್ದ.

"ಮೇಡಂ, ಒಂದು ಮಾತು ಹೇಳತೀನಿ, ಯಾರಿಗೂ ಹೇಳಬ್ಯಾಡ್ರಿ" ಅಂದ. "ನಿಮ್ಮ ಕೆಲಸ ನಾನು ಪಾಸ್ ಮಾಡಿದರೂ ನಮ್ಮ ಕಂಪನಿಯೊಳಗ ಮನಿ ಮನಿ ತಿರುಗೂದು ಇದ ಕಡೀದು. ಮುಂದಿನ ಸಲದಿಂದ ಮಷೀನು ಫೋನ್ ಮಾಡಿ ಕೇಳತೈತಿ. ಒಂದು ಒತ್ತರಿ, ಎರಡು ಒತ್ತರಿ ಅಂತ. ಆನ್‌ಲೈನ್ ಅಂಗಡಿಯ ಧಾರಣಿ ತಾನ ಎಳಕೊಳ್ಳತೈತಿ. ಇನ್ನ ಸ್ವಲ್ಪ ವರ್ಷಕ್ಕ ದೊಡ್ಡ ಬ್ಯಾಂಕು ನೋಟಿನ ಬದಲಿಗೆ ಹೊರಡಿಸೂ ರೊಕ್ಕಾನ ಫೋನಿನ್ಯಾಗ ಇರತೈತಿ ಅಂತಾರ. ಯಾರು ಏನು ಎಷ್ಟಕ್ಕ ಕೊಂಡರು ಅಂತ ತಾನ ತಿಳಿತಿರತೈತಿ, ಕೇಳೂ ಅವಶ್ಯನ ಬೀಳಂಗಿಲ್ಲ ಅಂತಾರ."

"ನಿಮ್ಮ ಕೆಲಸ?"

ಅಂವ ಚಮಚಾದಲೇ ಬಿಸ್ಕೀಟು ಹುಡುಕಿಕೊಂತ, "ತಿರುಗೂರ ಇಲ್ಲಂದ ಮ್ಯಾಲ ಅವರನ್ನ ನೋಡೂರು ಯಾಕ ಬೇಕು?" ಅಂದ. ಮನ್ಯಾಗ ಹೆಂಡತಿಗೆ ಇನ್ನೂ ಹೇಳಿಲ್ಲಂತ. ಆಕಿ ಬಸರಿ.

 ಮುಂಜಾನಿಯಿಂದ ಯಾವ ಕೆಲಸಕ್ಕ ಜೀವ ಕೈಯಾಗ ಹಿಡಕೊಂಡು ನಿಂತಿದ್ದೆನೋ ಆ ಕೆಲಸನ ಇರಂಗಿಲ್ಲ. ಎದ್ದು ಮನಿಗೆ ಹೋಗಿಬಿಡಲೇನು ಅನಿಸಿತು. ಹೋಗಲಿಲ್ಲ. ಯಾಕಂದ್ರ ಕೆಲಸ ಹೋದಾಕಿ ಬ್ಯಾರೆ ಬಾಗಿಲು ಬಡೀಬಹುದು, ಸುಳ್ಳು ಬರದಾಕಿ ಅನ್ನಿಸಿಕೊಂಡಾಕಿಗೆ ಯಾವ ಬಾಗಿಲೂ ತಗ್ಯಂಗಿಲ್ಲ. "ಹೋಗೂದಾದ್ರ ಖರೇ ಮನಶ್ಯಾಳಾಗಿ ಹೋಗತೀನ್ರಿ" ಅಂದೆ. ಆಮ್ಯಾಲ ಇನ್ನೊಂದು ಮಾತೂ ಅಂದೆ. "ನಾವು ಏನು ಕೊಂಡ್ವಿ ಅಂತ ನಿಮ್ಮ ಮಷೀನಿಗೆ ಗೊತ್ತಾಗಬಹುದು. ನಾಳೆಗೆ ಎಷ್ಟು ಅಂಜೀವಿ ಅಂತ ಅದಕ ಯಾರು ಹೇಳತಾರ?" ಅಂವ ಎದ್ದು ಚಹಾದ ರೊಕ್ಕ ಕೊಟ್ಟ.

ತುಳಸಿಕಟ್ಟಿ ಮನಿಗೆ ಬಂದಾಗ ಬೀದಿ ದೀಪ ಹತ್ತಿದ್ದವು. ಆದ್ರ ಮನಿ ದೀಪ ಹತ್ತಿದ್ದಿಲ್ಲ. ವೈನಿ ಕಾಯಿಪಲ್ಲೆಗೆ ಹೋಗಿದ್ದರಂತ. ಅಜ್ಜಿ ಒಬ್ಬರ ಪಡಸಾಲ್ಯಾಗ ಟಿ.ವಿ. ಹಚ್ಚಿಕೊಂಡು ಕುಂತಿದ್ದರು. ಅಂವ ಒಳಗ ಕುಂತ, ನಾನು ಗೇಟಿನ ಹೊರಗ. ಹೊತ್ತು ಹೋಗಾಕತ್ತಿತು. ಅಂವ ಎರಡು ಸಲ ಹೊರಗ ಬಂದು ಫೋನಿನ್ಯಾಗ ಯಾರಿಗೋ, ಬಂದೆ ಸರ್, ಫೈಲು ಕಳಸತೀನಿ ಸರ್ ಅಂದ. ಎರಡನೇ ಸಲ ನನ್ನ ಕಡೆ ಬಂದು, "ಇನ್ನ ಆಗಂಗಿಲ್ಲ ಮೇಡಂ" ಅಂದ. ನಾನು ಓಣಿಯ ತಿರುವಿನ ಕಡೆ ನೋಡಿಕೊಂತ ನಿಂತೆ. 

ಅಷ್ಟರಾಗ ವೈನಿ ಚೀಲ ಹೊತ್ಕೊಂಡು ಬಂದರು. ಬೆವರು ಇಳೀತಿತ್ತು. ನನ್ನ ನೋಡಿ ಒಳಗ ಯಾಕ ಬರವಲ್ಲಿ ಅಂದರು, ನಾನು ತಲಿ ಅಲ್ಲಾಡಿಸಿದೆ. ಒಳಗ ಹೋಗಿಕೊಂತ ಅಜ್ಜಿಗೆ ಹೇಳಿದ್ದು ನನಗ ಕೇಳಿಸಿತು: "ಬೀನ್ಸು ಮುಟ್ಟಾಕ ಆಗವಲ್ದು ಅತ್ತಿ, ಬೆಂಕಿ ಹತ್ತೇತಿ ಧಾರಣಿಗೆ."  ಕನ್ನಡ ಅಷ್ಟು ಬರದಿದ್ದರೂ ಬೀನ್ಸಿನ ಧಾರಣಿ ಮಾತು ಅಂತ ಅಂವಗೂ ತಿಳೀತು. ಕಿಟಕ್ಯಾಗಿಂದ ನನ್ನ ಕಡೆ ನೋಡಿ ಟ್ಯಾಬ್ ತಗದ, ಕೇಳೇಬಿಡತೀನಿ ಅನ್ನೂ ಹಂಗ. ಅಜ್ಜಿ ಅಂವಗ, "ಒಂದು ಗಳಿಗಿ ತಡೀಪ್ಪಾ, ಆಕಿ ಕೈಕಾಲು ತೊಳಕೊಳ್ಳಲಿ" ಅಂದರು. ಟಿ.ವಿ. ಬಂದ್ ಆತು. ನಳದ ನೀರಿನ ಸಪ್ಪಳ ಬಂತು. ವೈನಿ ಹೊರಗ ಬಂದು ತುಳಸಿ ಮುಂದ ದೀಪ ಇಟ್ಟರು, ಅರಿಷಿಣ ಕುಂಕುಮ ಏರಿಸಿದರು, ಕೈ ಮುಗದು ಒಳಗ ಹೋದರು.

ಅಂವ ಮುಂಜಾನಿಯ ಪ್ರಶ್ನೆನ ಕೇಳಿದ. ಒಂದಕ್ಷರ ಹೆಚ್ಚಿಲ್ಲ, ಕಡಿಮಿ ಇಲ್ಲ. ಒಂದು ವರ್ಷಕ್ಕ ಧಾರಣಿ ಏನಾಗಬಹುದಮ್ಮಾ?

ವೈನಿ ಹೊರಗ ತುಳಸಿ ಮುಂದಿನ ದೀಪದ ಕಡೆ ನೋಡಿದರು. ನಾನು ಸರಳು ಬಿಗಿ ಹಿಡದಿದ್ದೆ, ಕೈಗೆ ತುಕ್ಕು ಹತ್ತಿತ್ತು.

"ಏನಾಗತೈತ್ರಿ, ಇದ್ದಂಗ ಇರತೈತಿ" ಅಂದರು.

"ಮುಂಜಾನಿ ಜೋರು ಏರತೈತಿ ಅಂದಿದ್ದಿರಲ್ಲಮ್ಮಾ?"

ವೈನಿ ಅಜ್ಜಿ ಕಡೆ ತಿರುಗಿದರು. ಅಜ್ಜಿ ಮಾತಾಡಿದರು, ಅವರಿಗೆ ಬರೂ ತೆಲುಗಿನ್ಯಾಗ. "ಅದು ಮುಂಜಾನಿ ಮಾತಪ್ಪಾ. ಈಗ ದೀಪ ಹಚ್ಚೀವಿ. ಈ ಹೊತ್ತಿನ್ಯಾಗ ಆಡಿದ್ದು ಹತ್ತತೈತಿ. ಬೇಕಾದ್ರ ನಾಳೆ ಮುಂಜಾನಿ ಬಾ, ಎಷ್ಟು ಬೇಕಷ್ಟು ಏರಸತಾಳ."

ನಾನು ಹೊರಗ ನಿಂತು ಸೆರಗು ಬಾಯಿಗೆ ಇಟ್ಟುಕೊಂಡೆ. ನಗಿ ಬಂತೋ ಅಳು ಬಂತೋ, ಎರಡೂ ಬಂದವು. ಅಂವ ಬಗ್ಗಿ ಟ್ಯಾಬಿನ್ಯಾಗ ಭಾಳ ಹೊತ್ತು ಒತ್ತಿದ. ಏಳಾಕ ಹೊಂಟಾಗ ಅಜ್ಜಿ ಕೇಳಿದರು, "ಮುಂದಿನ ಸಲಾನೂ ಬರತೀರಲ್ಲ, ನೀನು, ನಮ್ಮ ಹುಡಿಗಿ?"

ಚಹಾದ ಅಂಗಡ್ಯಾಗ ಅಂವ ಆಡಿದ್ದೆಲ್ಲಾ ನನ್ನ ಕಿವ್ಯಾಗ ಇನ್ನೂ ಇತ್ತು. ಅಂವ ಬಾಗಿಲದಾಗ ನಿಂತಿದ್ದ, ತುಳಸಿ ಮುಂದಿನ ದೀಪ ಅಂವನ ಮಾರಿ ಮ್ಯಾಲ ಬೀಳತಿತ್ತು. ಒಮ್ಮೆ ದೀಪ ನೋಡಿದ. ಒಮ್ಮೆ ನನ್ನ ನೋಡಿದ.

"ಬರತೀವಮ್ಮಾ" ಅಂದ. "ತಪ್ಪದ ಬರತೀವಿ."

"ಅಸ್ತು" ಅಂದರು ಅಜ್ಜಿ.

ಹೊರಗ ಬಂದು ಬೈಕಿನ ಮ್ಯಾಲ ಕುಂತು ಅಂವ ಟ್ಯಾಬ್ ನನಗ ತೋರಿಸಿದ. ನನ್ನ ಓಣಿಯ ಕೆಂಪೆಲ್ಲಾ ಹೋಗಿತ್ತು. ಷರಾದ ಜಾಗಾದಾಗ, ಉತ್ತರ ಖರೆ ಅದಾವ, ಕೇಳಿದ ಹೊತ್ತಿನಿಂದ ಫರಕು ಬಂದೈತಿ, ಇನ್ನ ಮ್ಯಾಲ ಕೇಳಿದ ಹೊತ್ತನ್ನೂ ಬರಕೋಬೇಕು ಅಂತ ಬರದಿದ್ದ. ಯಾವದು ತಗೋಬೇಕು, ಮುಂಜಾನಿಯದೋ ಸಂಜಿಯದೋ ಅಂತ ನನ್ನ ಕೇಳಿದ. ಎರಡೂ ಕಳಸ್ರಿ ಅಂದೆ. ಮುಂಜಾನಿ ಅವರು ಅಂಜಿದ್ದು ಹೇಳ್ಯಾರ, ಸಂಜಿಕ ಬೇಡಿಕೊಂಡದ್ದು ಹೇಳ್ಯಾರ. ದೊಡ್ಡ ಬ್ಯಾಂಕಿಗೆ ಮನಸ್ಸು ಬೇಕಾಗಿದ್ದರ ಎರಡೂ ಬೇಕು. ಅಂವ ಹೂಂ ಅಂದ. ದೀಪದ ಮುಂದ ಆಡಿದ ಮಾತಿನ ಸುದ್ದಿ ಅಂವನೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ. ಬೈಕ್ ಚಾಲೂ ಮಾಡಿ ಹೋದ.

ನಾನು ನಡಕೊಂತ ಮನಿಗೆ ಬಂದೆ. ದೇವರ ಮುಂದ ನಮ್ಮ ದೀಪ ಇನ್ನೂ ಉರೀತಿತ್ತು. ಅತ್ತಿ ಬಾಗಿಲದಾಗ ಕುಂತಿದ್ದರು, ಮುಂಜಾನಿಯಿಂದ ಉಂಡಂಗ ಕಾಣಲಿಲ್ಲ.

"ಹೆಸರು ಉಳೀತೇನು?" ಅಂದರು.

"ಉಳೀತು ಅತ್ತಿ."

"ಕೆಲಸ?"

"ಐತಿ" ಅಂದೆ. "ಇನ್ನ ಮುಂದೂ ಐತಿ."

ಅತ್ತಿ ಎದ್ದು ತಾಟು ಹಾಕಿದರು. ಇಬ್ಬರೂ ಉಂಡಿವಿ, ಬ್ಯಾರೆ ಏನೇನೋ ಮಾತಾಡಿದಿವಿ. ಮರುದಿವಸ ಮುಂಜಾನಿ ಬಿಸಲು ಬಾಗಿಲ ಒಳಗ ಬಂದ ಮ್ಯಾಲ, ರೊಟ್ಟಿ ಬಡಕೊಂತ, ಮನಿ ಮನಿ ತಿರುಗೂ ಕೆಲಸ ಇದ ಕಡೀದು ಅಂತ ಇದ್ದದ್ದು ಇದ್ದಂಗ ಹೇಳಿದೆ. ಅತ್ತಿ ಹಿಟ್ಟು ನಾದೂದು ನಿಲ್ಲಿಸಲಿಲ್ಲ.

"ಗೊತ್ತಿತ್ತು ಬಿಡು" ಅಂದರು. "ನಿನ್ನೆ ದೀಪದ ಮುಂದ ಅಷ್ಟು ಲಗೂನ ಐತಿ ಅಂದ್ಯಲ್ಲ, ಆವಾಗನ ಗೊತ್ತಾತು."